ಅತ್ತೆ ಬಗ್ಗಿಸಿದ ಚಹಾ

ಬುರುಲ್ಚಾ ಆ ಕಡೆ ಈ ಕಡೆ ನೋಡಿದಳು. ಪಡಸಾಲೆಯಲ್ಲಿ ಯಾರೂ ಇರಲಿಲ್ಲ. ಗೋಡೆಗೆ ಅಂಟಿಸಿದ್ದ ಭಿತ್ತಿಪತ್ರವನ್ನು ಪರ್ರನೆ ಕಿತ್ತು, ಮಡಚಿ, ಜೇಬಿಗೆ ತುರುಕಿಕೊಂಡಳು. ಕ್ಯಾನ್ಸರ್ ಬಂದವರಿಗೆ ತಮ್ಮ ಕಾಯಿಲೆಯ ಹೆಸರು ತಿಳಿಯುವ ಹಕ್ಕಿದೆ ಎಂದು ಅದರಲ್ಲಿ ದಪ್ಪಕ್ಷರದಲ್ಲಿ ಬರೆದಿತ್ತು. ಅತ್ತೆಗೆ ಓದಲು ಬರುತ್ತಿತ್ತು. ಅದೇ ತಲೆನೋವು.

"ಅಡುಗೆಮನೇಲಿ ಇನ್ನೊಂದಿದೆ, ಅದನ್ನೂ ಕಿತ್ಕೋ," ಎಂದಿತು ಹಿಂದಿನಿಂದ ಒಂದು ಧ್ವನಿ.

ಜಿಪಾರ್. ಕ್ಯಾನ್ಸರ್ ರೋಗಿಗಳ ಸಂಸ್ಥೆಯ ಈ ಮನೆಯನ್ನು ನೋಡಿಕೊಳ್ಳುವವಳು. ಬೆಟ್ಟದ ಊರುಗಳಿಂದ ರಾಜಧಾನಿ ಬಿಷ್ಕೆಕ್‌ಗೆ ಚಿಕಿತ್ಸೆಗೆ ಬಂದವರಿಗೆ ಇಲ್ಲಿ ಮಂಚ ಕೊಡುತ್ತಿದ್ದಳು, ಔಷಧ ಬರದಿದ್ದರೆ ಸಚಿವಾಲಯದ ಬಾಗಿಲಲ್ಲಿ ಕೂತು ಜಗಳವಾಡುತ್ತಿದ್ದಳು. ಹಿಂದೆ ಅವಳಿಗೂ ಅದೇ ಕಾಯಿಲೆ ಬಂದು ಹೋಗಿತ್ತು. ಯಾರಿಗೂ ಹೆದರದ ಹೆಂಗಸು.

ಬುರುಲ್ಚಾ ಅವಳನ್ನು ಕೋಣೆಯೊಳಗೆ ಎಳೆದುಕೊಂಡು ಹೋಗಿ ಬಾಗಿಲಿಗೆ ಬೆನ್ನು ಕೊಟ್ಟು ನಿಂತಳು.

"ಅಕ್ಕಾ, ನಿಮ್ಮ ದಮ್ಮಯ್ಯ ಅಂತೀನಿ. ನಮ್ಮತ್ತೆ ಮುಂದೆ ಆ ಹೆಸರು ಎತ್ತಬೇಡಿ. ಹೊಟ್ಟೆಹುಣ್ಣು ಅಂದ್ಕೊಂಡಿದಾರೆ. ಹಾಗೇ ಇರ್ಲಿ."

"ನಾಳೆ ಚಿಕಿತ್ಸೆ ಶುರು. ಸುಳ್ಳು ಹೇಳಿ ಯಾರನ್ನೂ ನಾನು ಆಸ್ಪತ್ರೆ ಬಾಗಿಲು ದಾಟಿಸಿಲ್ಲ. ಇವತ್ತೇ ಹೇಳ್ಬೇಕು."

"ಹೇಳಿದ್ರೆ ಭಯಕ್ಕೇ ಸತ್ತೋಗ್ತಾರೆ. ನಮ್ಮ ಕಡೆ ಯಾರಾದ್ರೂ ಹೇಳ್ತಾರಾ? ನಮ್ಮ ದೊಡ್ಡಪ್ಪನಿಗೂ ಕೊನೇ ತನಕ ಹೇಳಿರ್ಲಿಲ್ಲ."

"ಹೇಳದೇ ಇದ್ದಿದ್ದಕ್ಕೆ ಬದುಕಿಕೊಂಡ್ರಾ?"

ಬುರುಲ್ಚಾ ಜೇಬಿನೊಳಗಿನ ಕಾಗದವನ್ನು ಮುದುಡಿದಳು. ಹೆತ್ತ ತಾಯಿಯನ್ನು ಕಂಡವಳಲ್ಲ ಅವಳು. ಬೈದರೂ ಉಣಿಸಿದರೂ ಅತ್ತೆ ಊಲ್ಕಾನೇ ತಾಯಿ. ಹಾಗಿದ್ದೂ ಊರಲ್ಲಿ ತಾನು ಹಟ ಹಿಡಿದಿದ್ದೆನಲ್ಲ ಎಂದು ಈಗ ನೆನೆದರೆ ಅವಳಿಗೆ ನಾಚಿಕೆಯಾಗುತ್ತಿತ್ತು. ಹೊಟ್ಟೆಹುಣ್ಣಿಗೆ ರಾಜಧಾನಿಯ ತನಕ ಯಾಕೆ, ಕುರಿಗಳು ಮರಿ ಹಾಕುವ ಹೊತ್ತು, ನಾನಂತೂ ಜೊತೆಗೆ ಬರಲೊಲ್ಲೆ ಎಂದಿದ್ದಳು. ಆಗ ಗಂಡ ಎರ್ಮೆಕ್ ಅವಳನ್ನು ಕೊಟ್ಟಿಗೆಯ ಹಿಂದಕ್ಕೆ ಕರೆದುಕೊಂಡು ಹೋಗಿ, ನೆಲ ನೋಡುತ್ತ, ಅಮ್ಮನಿಗೆ ಕ್ಯಾನ್ಸರ್, ಅವಳಿಗೆ ಗೊತ್ತಾಗಬಾರದು, ನೀನು ಹೋಗಲೇಬೇಕು ಎಂದು ಉಸುರಿದ್ದ. ಅವನು ಅಷ್ಟು ಅತ್ತಿದ್ದನ್ನು ಅವಳು ಎಂದೂ ಕಂಡಿರಲಿಲ್ಲ.

ಬಂದ ಮೇಲೆ ಆಸ್ಪತ್ರೆಯವರು ಅವಳನ್ನೂ ಬಿಡಲಿಲ್ಲ. ರೋಗಿಯ ಕಡೆಯವರು ರಕ್ತ ಕೊಡಬೇಕೆಂಬುದು ಎಲ್ಲರಿಗೂ ಗೊತ್ತಿದ್ದದ್ದೇ. ಕೊಡುವವಳು ಗಟ್ಟಿಯಿದ್ದಾಳೋ ಎಂದು ಸೂಜಿ ಚುಚ್ಚಿದರು, ಯಂತ್ರದೊಳಗೆ ಮಲಗಿಸಿದರು. ಅತ್ತೆಗಾಗಿ ತಾನೇ ಎಂದು ಬುರುಲ್ಚಾ ಹಲ್ಲು ಕಚ್ಚಿಕೊಂಡಿದ್ದಳು. ಪಾಪ, ದಾರಿಯುದ್ದಕ್ಕೂ ಚೀಲ ಹೊತ್ತವಳು ಆ ಅತ್ತೆಯೇ. ಮಗುವಿಗೆ ಹಾಲು ಬಿಡಿಸಿದಾಗ ಬುರುಲ್ಚಾಳ ಕಂಕುಳಲ್ಲಿ ಎದ್ದಿದ್ದ ಹಾಲುಗಂಟನ್ನು ಚಳಿಗಾಲದಲ್ಲಿ ಊರ ಡಾಕ್ಟರು ಕೊಯ್ದಿದ್ದರು. ಸೊಸೆಯ ಆ ತೋಳು ಇನ್ನೂ ನೆಟ್ಟಗಾಗಿರಲಿಲ್ಲ.

ಇವತ್ತಂತೂ ಅತ್ತೆಯ ರೀತಿಯೇ ಬೇರೆ. ಸೊಸೆ ಎದುರಿಗೆ ಕೂತಿರುವಾಗ ಅತ್ತೆಯಾದವಳು ಚಹಾದ ಪಾತ್ರೆ ಮುಟ್ಟುವುದುಂಟೇ? ಬೆಳಿಗ್ಗೆ ಊಲ್ಕಾನ್ ತಾನೇ ಚಹಾ ಬಗ್ಗಿಸಿ, ಎರಡೂ ಕೈಯಲ್ಲಿ ಸೊಸೆಗೆ ಕೊಟ್ಟಿದ್ದಳು. ಹೋಗುವವರಿಗೆ ಮೊದಲೇ ತಿಳಿಯುತ್ತದಂತೆ, ಋಣ ತೀರಿಸಿಕೊಳ್ಳುತ್ತಿದ್ದಾಳೆ ಎಂದುಕೊಂಡಿದ್ದಳು ಬುರುಲ್ಚಾ.

"ಒಂದು ಮಾತು ಕೇಳ್ತೀನಿ," ಎಂದಳು ಜಿಪಾರ್. "ನಿನಗೇ ಬಂದಿದ್ರೆ? ಮುಚ್ಚಿಟ್ಟಿದ್ರೆ ಒಪ್ತಿದ್ಯಾ?"

"ನನ್ನ ಮಾತೇ ಬೇರೆ. ನಂಗೆ ಎರಡು ವರ್ಷದ ಮಗು ಇದೆ. ಗೊತ್ತಿದ್ರೆ ಹೊಡೆದಾಡಬಹುದು. ಮುಚ್ಚಿಟ್ಟವರನ್ನ ಸತ್ತರೂ ಕ್ಷಮಿಸ್ತಿರ್ಲಿಲ್ಲ."

ಜಿಪಾರ್ ಮಂಚದ ಅಂಚಿನಲ್ಲಿ ಕೂತಳು. ಅವಳ ಮುಖದ ಬಿಗಿ ಸಡಿಲಾಯಿತು.

"ನೀನೇ ಹೇಳಿದ್ಯಲ್ಲ, ಸಾಕು. ಇಲ್ಲಿ ಬಾ, ಕೂತ್ಕೋ. ನಿಮ್ಮತ್ತೆಗೆ ಎಲ್ಲ ಗೊತ್ತು. ಬೆಳಿಗ್ಗೆ ನನ್ನ ಹತ್ರ ಬಂದಿದ್ರು. ಸೊಸೆಗೆ ಮಾತ್ರ ತಿಳೀಬಾರ್ದು ಅಂತ ಅತ್ತರು. ಈಗ ನಾನು ನಿನಗೆ..."

ಮುಂದಿನದನ್ನು ಬುರುಲ್ಚಾ ಕೇಳಲಿಲ್ಲ. ಎಲ್ಲ ಗೊತ್ತಿದ್ದೂ ಆ ಮುದುಕಿ ಒಬ್ಬಳೇ ನುಂಗಿಕೊಂಡು, ನಗುನಗುತ್ತ ತನಗೆ ಚಹಾ ಕೊಟ್ಟಳೇ? ಬಾಗಿಲು ತೆರೆದು ಅಡುಗೆಮನೆಗೆ ಓಡಿದಳು. "ಬುರುಲ್ಚಾ, ನಿಲ್ಲು," ಎಂದು ಜಿಪಾರ್ ಕೂಗಿದ್ದು ಹಿಂದೆಯೇ ಉಳಿಯಿತು.

ಊಲ್ಕಾನ್ ಹಿಟ್ಟು ಲಟ್ಟಿಸುತ್ತಿದ್ದಳು. ಒಲೆಯ ಮೇಲೆ ಕುರಿಮಾಂಸ ಬೇಯುತ್ತಿತ್ತು.

"ಅತ್ತೆ, ಇನ್ನು ಮುಚ್ಚಿಡೋದು ಬೇಡ. ನಂಗೂ ಗೊತ್ತು."

ಲಟ್ಟಣಿಗೆ ನಿಂತಿತು. "ಏನು ಗೊತ್ತು?"

"ಹೊಟ್ಟೆಹುಣ್ಣಲ್ಲ ಅಂತ. ಊರಲ್ಲೇ ನಿಮ್ಮ ಮಗ ಹೇಳಿದ್ರು."

ಊಲ್ಕಾನ್ ಲಟ್ಟಣಿಗೆಯನ್ನು ಪಕ್ಕಕ್ಕೆ ಇಟ್ಟಳು. "ಆ ಮುಂಡೇದು. ಬಾಯಿ ಬಿಡಲ್ಲ ಅಂತ ರೊಟ್ಟಿ ಮುಟ್ಟಿ ಆಣೆ ಮಾಡಿತ್ತಲ್ಲೇ. ಇಷ್ಟು ದಿನ ಗೊತ್ತಿದ್ದೂ ನಗ್ತಾ ಇದ್ಯಾ? ಎಂಥಾ ಗಟ್ಟಿ ಗುಂಡಿಗೆ ನಿಂದು."

"ನಿಮ್ಮಿಂದ ಕಲ್ತಿದ್ದು."

ಇಬ್ಬರೂ ತಬ್ಬಿಕೊಂಡು ಅತ್ತರು. ಅತ್ತು ಹಗುರವಾದರು. ಊಲ್ಕಾನ್ ಹಿಟ್ಟಿನ ಕೈಯಿಂದಲೇ ಸೊಸೆಯ ಕಂಕುಳ ಗಾಯದ ಮೇಲೆ ಮೆಲ್ಲಗೆ ಸವರಿದಳು. "ಇನ್ನೂ ನೋಯುತ್ತಾ?"

"ಈಗ ಅದರ ಮಾತು ಯಾಕತ್ತೆ."

"ಹೆದರಬೇಡ. ನಾನಿದೀನಿ. ಎಷ್ಟು ದಿನ ಆದ್ರೂ ನಿನ್ನ ಕೈ ಬಿಡಲ್ಲ."

"ನಾನೂ ಬಿಡಲ್ಲ. ನಾಳೆ ಅವರು ಔಷಧ ಏರಿಸೋವಾಗ ನಿಮ್ಮ ಮಂಚದ ಪಕ್ಕದಲ್ಲೇ ಕೂತಿರ್ತೀನಿ."

ಅಷ್ಟರಲ್ಲಿ ಜಿಪಾರ್ ಓಡಿಬಂದು ಬಾಗಿಲಲ್ಲಿ ನಿಂತಳು.

ಊಲ್ಕಾನ್ ಒಂದು ಕೈಯಿಂದ ಕಣ್ಣೊರೆಸಿಕೊಂಡು ಸೊಸೆಯ ಮುಖ ನೋಡಿದಳು; ಇನ್ನೊಂದು ಕೈ ಆ ಗಾಯದ ಮೇಲೇ ಇತ್ತು. "ನನ್ನ ಮಂಚವಾ? ನನಗೇನಾಗಿದೆ ಮಗಳೇ?"