ಗುಡುಗು ವಕೀಲರ ಕ್ಷಮಾಪಣೆ

"ಏನಂದ್ರಿ? ಕೇಳಿಸಲಿಲ್ಲ," ಎಂದರು ನ್ಯಾಯಾಧೀಶೆ, ಕಿವಿಗೆ ಕೈ ಆನಿಸಿ.

ಗುಡುಗು ವಕೀಲರು ಕ್ಷಮಾಪಣೆ ಪತ್ರವನ್ನು ಮೂರನೆಯ ಸಲ ಮೊದಲಿನಿಂದ ಓದಿದರು. ಮೂವತ್ತು ವರ್ಷ ಕೋರ್ಟಿನ ಗೋಡೆಗಳನ್ನು ನಡುಗಿಸಿದ ಗಂಟಲು ಇವತ್ತು ಎದುರಿನ ಮೇಜನ್ನೂ ದಾಟುತ್ತಿರಲಿಲ್ಲ. ಹೊರಗೆ ಅಂಗಳದಲ್ಲಿ ಇನ್ನೂರು ವಕೀಲರು ಅವರ ಪರವಾಗಿಯೇ ಕಿರುಚುತ್ತಿದ್ದರು: "ಕ್ಷಮೆ ಕೇಳೋದಿಲ್ಲ, ತಲೆ ಬಾಗೋದಿಲ್ಲ." ಕಿಟಕಿ ಮುಚ್ಚೋಣವೆಂದರೆ ಅದರ ಗಾಜು ಹೋದ ತಿಂಗಳ ಗಲಾಟೆಯಲ್ಲೇ ಪುಡಿಯಾಗಿತ್ತು.

ಆ ಗಲಾಟೆಯ ಮುಂದಾಳು ಇವರೇ. ಇದೇ ನ್ಯಾಯಾಧೀಶೆ ತೀರ್ಪು ಓದುತ್ತಿದ್ದಾಗ ಇಪ್ಪತ್ತು ಜನರನ್ನು ಕಟ್ಟಿಕೊಂಡು ನುಗ್ಗಿ, ಮೇಜು ಗುದ್ದಿ ಕಲಾಪ ನಿಲ್ಲಿಸಿದ್ದರು. ನ್ಯಾಯಾಲಯ ನಿಂದನೆಯ ಕೇಸು ಬಿತ್ತು. ಕ್ಷಮೆ ಕೇಳಬೇಕು, ಇಲ್ಲವಾದರೆ ಒಂದು ವರ್ಷ ಕರಿ ಕೋಟು ಹಾಕುವಂತಿಲ್ಲ. ನಿನ್ನೆ ಸಂಜೆ ವಕೀಲರ ಸಂಘದಲ್ಲಿ ಮೀಸೆ ತಿರುವಿ, "ಜೈಲಿಗಾದರೂ ಹೋಗ್ತೀನಿ" ಎಂದು ಸಾರಿ, ಘೋಷಣೆಯನ್ನೂ ಬರೆದುಕೊಟ್ಟು ಮನೆಗೆ ಬಂದವರನ್ನು ಹೆಂಡತಿ ಬಾಗಿಲಲ್ಲೇ ತಡೆದಿದ್ದಳು.

"ಜೈಲಿಗೆ ಬೇಕಾದ್ರೆ ಹೋಗಿ. ಒಂದು ವರ್ಷ ಮನೇಲಿ ಕೂತ್ಕೋತೀನಿ ಅಂದ್ರೆ ಮಾತ್ರ ನನ್ನ ಕೈಲಾಗಲ್ಲ. ನಾಳೆ ಕ್ಷಮೆ ಕೇಳಿ ಬನ್ನಿ."

ಪತ್ರವನ್ನು ಅವಳೇ ಬರೆಸಿದಳು. ಆಕ್ಷೇಪಣೆ ಎತ್ತುವ ಧೈರ್ಯ ಅವರಿಗೆ ಬರಲಿಲ್ಲ. ಒಳಗೆ ಗುಟ್ಟಾಗಿ ಕ್ಷಮೆ, ಹೊರಗೆ ಗಟ್ಟಿಯಾಗಿ ಘೋಷಣೆ, ಎರಡೂ ಕಡೆ ಮಾನ ಉಳಿಯಿತು ಎಂದು ಸಮಾಧಾನ ಮಾಡಿಕೊಂಡಿದ್ದರು.

ಟೈಪ್ ಮಾಡುತ್ತಿದ್ದ ಹುಡುಗಿ ತಲೆಯೆತ್ತಿದಳು. "ಮೇಡಂ, ನನಗೆ ಕೇಳಿಸಿದ್ದು 'ಕ್ಷಮೆ ಕೇಳೋದಿಲ್ಲ' ಅಂತ. ಅದನ್ನೇ ಹಾಕ್ಲಾ?"

"ಬೇಡಮ್ಮಾ, ಬೇಡ," ವಕೀಲರು ಅವಳಿಗೂ ಕೈ ಮುಗಿದರು. "ಮೇಡಂ, ಪತ್ರಾನೇ ಕೊಟ್ಟುಬಿಡ್ತೀನಿ."

"ನೀವು ಕಲಾಪ ನಿಲ್ಲಿಸಿದ್ದು ಪತ್ರ ಕೊಟ್ಟಲ್ಲ, ಬಾಯಿಂದ. ಹೋಗಿ ನಿಮ್ಮವರನ್ನ ಸುಮ್ಮನಿರಿಸಿ. ಹತ್ತು ನಿಮಿಷ ಕಾಯ್ತೀನಿ. ಆಮೇಲೂ ನಿಮ್ಮ ಮಾತು ಕೇಳಿಸದಿದ್ರೆ ಆದೇಶ ಬರೀತೀನಿ."

ವಕೀಲರು ಪತ್ರ ಹಿಡಿದುಕೊಂಡೇ ಎದ್ದುಬಿದ್ದು ಓಡಿದರು. ಮೆಟ್ಟಿಲ ಮೇಲೆ ಕಾಲಿಟ್ಟದ್ದೇ ತಡ, ಇಬ್ಬರು ಗಟ್ಟಿಮುಟ್ಟು ಆಸಾಮಿಗಳು ಅವರನ್ನು ಎತ್ತಿ ಹೆಗಲ ಮೇಲೆ ಕೂರಿಸಿಕೊಂಡರು.

"ಇಳಿಸ್ರಪ್ಪಾ. ದಯವಿಟ್ಟು ಸುಮ್ಮನಿರಿ, ಒಳಗೆ ಕೋರ್ಟು ನಡೀತಿದೆ," ಎಂದು ಅಂಗಲಾಚಿದರು. ಆ ಮಾತು ತಮ್ಮ ಬಾಯಿಂದಲೇ ಬಂದದ್ದು ಕೇಳಿ ಅವರಿಗೇ ನಾಚಿಕೆಯಾಯಿತು.

ಗುಂಪು ಗಪ್‌ಚಿಪ್ಪಾಯಿತು. ಸದ್ಯ ಬದುಕಿದೆ ಎಂದುಕೊಳ್ಳುವಷ್ಟರಲ್ಲಿ ಸಂಘದ ಕಾರ್ಯದರ್ಶಿ ಅವರ ಕೈಯ ಕಾಗದ ಕಸಿದುಕೊಂಡ.

"ಇದೇನ್ ಸಾರ್? 'ನನ್ನ ತಪ್ಪಿಗೆ ಮನಸಾರೆ ಕ್ಷಮೆ ಕೋರುತ್ತೇನೆ'?"

"ಅದು ನಮ್ಮನೆಯವಳು..."

"ನಂಬಿಕೆ ದ್ರೋಹಿಗೆ," ಎಂದು ಕಾರ್ಯದರ್ಶಿ ಕೈ ಎತ್ತಿದ.

"ಧಿಕ್ಕಾರ!" ಎಂದವು ಇನ್ನೂರು ಗಂಟಲುಗಳು.

ಹತ್ತು ನಿಮಿಷ ಮುಗಿದಿತ್ತು. ಕೋರ್ಟಿನ ಬಾಗಿಲಲ್ಲಿ ಜವಾನ ವಕೀಲರ ಹೆಸರು ಕರೆಯುತ್ತಿದ್ದ. ತುಟಿ ಅಲ್ಲಾಡುವುದಷ್ಟೇ ಕಾಣುತ್ತಿತ್ತು. ಎಲ್ಲರಿಗಿಂತ ಜೋರಾಗಿ ಧಿಕ್ಕಾರ ಕೂಗುತ್ತಿದ್ದವರು ಅವರನ್ನು ಹೊತ್ತುಕೊಂಡಿದ್ದ ಆ ಇಬ್ಬರು. ಕೂಗುವ ಭರದಲ್ಲಿ ಅವರನ್ನು ಕೆಳಗಿಳಿಸುವುದನ್ನೇ ಮರೆತಿದ್ದರು.