ಕತ್ತರಿಗೆಂದು ಬಿಟ್ಟ ನಾಯಿ

ಮಾಸ್ಕೋದಲ್ಲಿ ಮಕ್ಕಳ ಕಾರ್ಟೂನ್ ಚಿತ್ರಗಳಿಗೆ ಕತೆ ಬರೆಯುವವರು ಕಮ್ಯುನಿಸ್ಟ್ ಸರ್ಕಾರದ ಕಾಲದಲ್ಲಿ ಒಂದು ಉಪಾಯ ಕಂಡುಕೊಂಡಿದ್ದರು. ಕತ್ತರಿ ಹಿಡಿದು ಕೂತ ಸರ್ಕಾರಿ ಸೆನ್ಸಾರ್ ಸಮಿತಿಗೆಂದೇ ಕತೆಯೊಳಗೆ ಸಂಬಂಧವೇ ಇಲ್ಲದ ಒಂದು ಪ್ರಾಣಿಯನ್ನು ಬಿಡುವುದು. ಸಮಿತಿ ಅದನ್ನು ಕಿತ್ತುಹಾಕಿ ಸಮಾಧಾನಪಟ್ಟುಕೊಳ್ಳುತ್ತಿತ್ತು. ಉಳಿದ ಕತೆ ಬಚಾವಾಗುತ್ತಿತ್ತು.

ಅವರಲ್ಲೊಬ್ಬನಾದ ಸವೇಲಿಯೂ ಹಾಗೇ ಮಾಡಿದ. ಅಪ್ಪನನ್ನು ಯಾರೋ ಹಿಡಿದೊಯ್ದ ಮೇಲೆ ಬಾಗಿಲಲ್ಲೇ ಕೂತು ದಾರಿ ಕಾಯುವ ತೋಳದ ಮರಿಯ ಕತೆಯನ್ನು ಎರಡು ವರ್ಷ ತಿದ್ದಿ ತೀಡಿ ಬರೆದ. ಅದು ಅವನದೇ ಬಾಲ್ಯ. ಕೊನೆಗೆ, ಚಹಾ ಆರುವಷ್ಟರಲ್ಲಿ, ಸೀನಿದಾಗಲೆಲ್ಲ ಟೋಪಿ ಹಾರಿಹೋಗುವ ಒಂದು ನಾಯಿಯನ್ನು ಅದರೊಳಗೆ ತುರುಕಿದ.

ಸಮಿತಿ ತೋಳದ ಮರಿಯನ್ನು ಕಿತ್ತುಹಾಕಿ ನಾಯಿಯನ್ನು ಉಳಿಸಿಕೊಂಡಿತು.

ಆಮೇಲೆ ಸವೇಲಿ ಬದುಕಿಡೀ ಆ ನಾಯಿಯ ಕತೆಗಳನ್ನೇ ಬರೆದ. ದೇಶದ ಮಕ್ಕಳೆಲ್ಲ ಅದರಂತೆ ಸೀನಿದರು. ಅವನ ಎದೆಯೊಳಗೆ ಮಾತ್ರ ಆ ಮರಿ ಊಳಿಡುತ್ತಲೇ ಇತ್ತು. ಸರ್ಕಾರ ಬಿತ್ತು, ಸಮಿತಿಯೂ ಹೋಯಿತು. ನಾಯಿಯ ಕಂಚಿನ ಪ್ರತಿಮೆ ನಿಲ್ಲಿಸಿದ ದಿನ ಸಮಿತಿಯ ಹಳೆಯ ಅಧ್ಯಕ್ಷ ಕೋಲೂರಿಕೊಂಡು ಬಂದ.

"ನನ್ನ ಬದುಕು ಹಾಳು ಮಾಡಿದ್ರಿ," ಎಂದ ಸವೇಲಿ. "ಆ ನಾಯಿ ನಿಮ್ಮ ಕತ್ತರಿಗೆ ಅಂತ್ಲೇ ಹಾಕಿದ್ದು. ಅಷ್ಟೂ ಗೊತ್ತಾಗ್ಲಿಲ್ವಾ ನಿಮಗೆ?"

"ಗೊತ್ತಿತ್ತು, ಸವೇಲಿ ಮಾರ್ಕೊವಿಚ್. ನೀವೆಲ್ಲ ತುರುಕಿದ ಪ್ರಾಣಿಗಳನ್ನ ಕಿತ್ತುಹಾಕ್ತಿದ್ದೋನೇ ನಾನು."

"ಹಾಗಾದ್ರೆ ತೋಳದ ಮರಿಗೆ ಹೆದರಿದ್ರಾ?"

ಮುದುಕ ಪ್ರತಿಮೆಯ ಮೂಗನ್ನು ಅಕ್ಕರೆಯಿಂದ ಸವರಿದ.

"ಹೆದರೋದೇನು ಬಂತು? ಅದನ್ನ ಓದ್ತಾ ಓದ್ತಾ ನನಗೆ ನಿದ್ದೆ ಬಂದುಬಿಡ್ತು."