ಲಾಂಡ್ರಿ ಬುಟ್ಟಿ

"ಎಂಥ ಮಾರಾಯ್ತಿ, ಬಟ್ಟೆ ಒಗೀಲಿಕ್ಕೆ ರೈಲಲ್ಲಿ ಹೋಗುದಾ?" ಕಾರ್ಲ್ಸ್‌ಬಾಡ್ ಸ್ಟೇಷನ್ನಿನಲ್ಲಿ ಬೆನ್ನ ಹಿಂದೆ ಆ ದನಿ ಕೇಳಿದ್ದೇ ಪ್ರಣತಿ ಲಾಂಡ್ರಿ ಬುಟ್ಟಿಯನ್ನು ಎದೆಗೆ ಅವಚಿಕೊಂಡಳು. ರತ್ನಾವತಿ ಆಂಟಿ! ಒಂದು ಮಾತನ್ನೂ ಹೊಟ್ಟೆಯಲ್ಲಿ ಇಟ್ಟುಕೊಂಡವರಲ್ಲ. ಅವರು ಕಂಡದ್ದು ಬೆಳಗಾಗುವುದರೊಳಗೆ ಊರಿನ ಕನ್ನಡದವರ ಎಲ್ಲ ಆನ್ಸರಿಂಗ್ ಮಷೀನುಗಳಲ್ಲೂ ಇರುತ್ತಿತ್ತು. ಪ್ರಣತಿಯ ಗಂಡನದರಲ್ಲಂತೂ ಮೊದಲು.

"ಅಪಾರ್ಟ್‌ಮೆಂಟ್ ವಾಷರ್ ಕೆಟ್ಟಿದೆ ಆಂಟಿ. ಓಷನ್‌ಸೈಡಲ್ಲಿ ಫ್ರೆಂಡ್ ಮನೇಲಿ..." ಗಂಡನಿಗೂ ಬಟ್ಟೆ ಒಗೆದು ಬರುತ್ತೇನೆಂದೇ ಹೇಳಿ ಬಂದಿದ್ದಳು. ಸೂಟ್‌ಕೇಸ್ ಕಂಡಿದ್ದರೆ ಅವನು ಬಾಗಿಲು ದಾಟಲು ಬಿಡುತ್ತಿರಲಿಲ್ಲ. ಆಂಟಿ ಬುಟ್ಟಿಗೆ ಕೈಹಾಕಿ ಬಟ್ಟೆಗಳನ್ನು ಎತ್ತಿ ನೋಡಿದರು. ಚೂಡಿದಾರ, ಮತ್ತೆ ಚೂಡಿದಾರ, ಒಂದು ಸೀರೆ. ಗಂಡಸಿನದೊಂದು ಕರ್ಚೀಫೂ ಇಲ್ಲ. ಅವರ ಕಣ್ಣು ಮೆಲ್ಲಗೆ ಮೇಲೆ ಬಂದು ಪ್ರಣತಿಯ ಕುತ್ತಿಗೆಯ ಮೇಲಿನ ಕಪ್ಪುಗಟ್ಟಿದ ಬೆರಳಚ್ಚುಗಳ ಮೇಲೆ ನಿಂತಿತು.

"ಯಾರಿಗೂ ಹೇಳ್ಬೇಡಿ ಆಂಟಿ, ನಿಮ್ಮ ಕಾಲಿಗೆ ಬೀಳ್ತೀನಿ." ಅಷ್ಟರಲ್ಲಿ ರೈಲು ಬಂದು ನಿಂತಿತು. ಕೆಲಸ ಮುಗಿಸಿ ಅದೇ ರೈಲಲ್ಲಿ ಬರುವ ತಮ್ಮ ಗಂಡನಿಗೆಂದು ತೋಳಿನ ಮೇಲೆ ಹಾಕಿಕೊಂಡು ಬಂದಿದ್ದ ಸ್ವೆಟರನ್ನು ಆಂಟಿ ಬುಟ್ಟಿಯ ಮೇಲೆ ಹರಡಿದರು. "ಗಂಡಸರ ಬಟ್ಟೆ ಒಂದಾದ್ರೂ ಮೇಲೆ ಕಾಣ್ಲಿ. ಹತ್ತು, ಬೇಗ."

ಬಾಗಿಲು ಮುಚ್ಚುವ ಮೊದಲು, ಪಕ್ಕದ ಬೋಗಿಯಿಂದ ಇಳಿದ ಉಮಾನಾಥ ಅಂಕಲ್ ಕಡಲ ಗಾಳಿಗೆ ನಡುಗುತ್ತ ಕೇಳಿದ್ದು ಪ್ರಣತಿಗೆ ಕೇಳಿಸಿತು. "ನನ್ನ ಸ್ವೆಟರ್ ಎಲ್ಲಿ?"

"ಮರ್ತೇ ಹೋಯ್ತು ಮಾರಾಯ್ರೆ," ಎಂದರು ರತ್ನಾವತಿ ಆಂಟಿ.